ಉಣ್ಣೆ ಕಚ್ಚುತ್ತೆ ಅಂದ್ರೆ ಸ್ವೆಟರ್ ಕಚ್ಚುತ್ತಾ?

ಸಂಪಾದಕರಿಗೆ ನಮಸ್ಕಾರ.

ಚಳಿಗಾಲದ ಒಂದು ಬೆಳಿಗ್ಗೆ ನಡೆದದ್ದು. ನಿಮ್ಮ ಪತ್ರಿಕೆಯ ಒಳಪುಟದಲ್ಲಿ ‘ಉಣ್ಣೆ ಕಡಿತ: ಎಚ್ಚರ ವಹಿಸಲು ಸೂಚನೆ’ ಅಂತ ಒಂದು ತಲೆಬರಹ. ಅದರ ಕೆಳಗೇ, ಎರಡು ಬೆರಳು ಜಾಗ ಬಿಟ್ಟು, ಉಣ್ಣೆ ಬಟ್ಟೆಗಳ ರಿಯಾಯಿತಿ ಮಾರಾಟದ ಜಾಹೀರಾತು. ಆರನೇ ಕ್ಲಾಸಿನ ನನ್ನ ಮಗಳು ಎರಡನ್ನೂ ಓದಿ, "ಅಪ್ಪಾ, ಸ್ವೆಟರ್ ಕಚ್ಚುತ್ತಾ?" ಅಂತ ಕೇಳಿದಳು. ಬಿದ್ದು ಬಿದ್ದು ನಕ್ಕೆ. ಆಮೇಲೆ ಸುದ್ದಿ ಪೂರ್ತಿ ಓದಿದೆ. ಮಂಗನ ಕಾಯಿಲೆ, ಅಂದರೆ ರಕ್ತ ಹೀರುವ ಉಣ್ಣೆ ಕಚ್ಚಿ ಬರುವ ಜ್ವರ, ಮತ್ತೆ ಕಾಣಿಸಿಕೊಂಡ ಸುದ್ದಿ ಅದು. ನಗು ಅಲ್ಲಿಗೇ ನಿಂತಿತು.

ನಾನು ಸಾಗರ ತಾಲ್ಲೂಕಿನವನು. ಹೊಟ್ಟೆಪಾಡಿಗೆ ಬೆಂಗಳೂರಿನಲ್ಲಿದ್ದೇನೆ. ನಮ್ಮ ಕಡೆ ಆ ಜೀವಿಗೆ ಉಣುಗು ಅನ್ನುತ್ತಾರೆ. ದನದ ಕಿವಿಯಲ್ಲಿ, ಕೆಚ್ಚಲಲ್ಲಿ, ನಾಯಿಯ ಕುತ್ತಿಗೆಯಲ್ಲಿ ಅಂಟಿಕೊಂಡು ರಕ್ತ ಕುಡಿದು ದಪ್ಪಗಾಗುವ ಅದೇ ಉಣುಗು. ನಿಮ್ಮ ಪತ್ರಿಕೆಯಲ್ಲಿ ಅದು ಒಂದು ದಿನ ಉಣ್ಣೆ, ಮರುದಿನ ಉಣ್ಣಿ, ಇನ್ನೊಂದು ದಿನ ‘ಟಿಕ್ ಎಂಬ ಕೀಟ’. ಒಂದೇ ಸುದ್ದಿಯೊಳಗೆ ಮೂರೂ ಬಂದದ್ದನ್ನು ನೋಡಿದ್ದೇನೆ. ಈ ಕಾಗದ ಅದರ ಬಗ್ಗೆಯೇ. ಸ್ವಲ್ಪ ಉದ್ದ ಆಗಬಹುದು, ಬೇಕಾದಲ್ಲಿ ಕತ್ತರಿಸಿಕೊಳ್ಳಿ.

ಉಣ್ಣೆ ಅನ್ನುವುದು ತಪ್ಪು ಮಾತು ಅಂತ ನಾನು ಹೇಳುತ್ತಿಲ್ಲ. ಹಾಗೆ ಹೇಳಿದರೆ ನನಗೆ ಮನೆಯಲ್ಲಿ ಊಟ ಸಿಗುವುದಿಲ್ಲ, ಯಾಕೆಂದರೆ ನನ್ನ ಹೆಂಡತಿ ತುಮಕೂರು ಕಡೆಯವಳು. ಅವರ ಮನೆಯಲ್ಲಿ ಹಸುವಿನ ಮೈಯಿಂದ ತೆಗೆಯುವುದು ಉಣ್ಣೆಯನ್ನೇ. ಉಣುಗು ಅಂದರೆ ಅವಳಿಗೆ ಬಟ್ಟೆ ಒಣಗಿದ ಹಾಗೆ ಕೇಳುತ್ತದಂತೆ. ಎರಡೂ ಅಚ್ಚ ಕನ್ನಡದ ಮಾತು, ಎರಡೂ ಒಂದೇ ಬೇರಿನವು. ಉಣ್ಣು, ಊಟ, ಉಂಡಾಡಿ ಗುಂಡ, ಇವೆಲ್ಲ ಇರುವ ಮನೆತನ ಅದು. ಉಣ್ಣುವುದೇ ಕಸುಬಾದ ಜೀವಿಗೆ ಉಣ್ಣೆ ಅಂತ ಹೆಸರು. ತಮಿಳು, ಮಲಯಾಳಂನಲ್ಲೂ ಅದು ಉಣ್ಣಿಯೇ. ಲಂಟಾನ ಗಿಡಕ್ಕೆ ತಮಿಳರು ಉಣ್ಣಿಚ್ಚೆಡಿ ಅನ್ನುತ್ತಾರೆ. (ಮಲಯಾಳಂನಲ್ಲಿ ಇನ್ನೊಂದು ಉಣ್ಣಿ ಇದೆ, ಪುಟ್ಟ ಹುಡುಗ ಅಂತ ಅರ್ಥ. ಉಣ್ಣಿಕೃಷ್ಣನ್ ಅನ್ನುವವರು ಯಾರಾದರೂ ಇದನ್ನು ಓದುತ್ತಿದ್ದರೆ ಬೇಜಾರು ಮಾಡಿಕೊಳ್ಳಬೇಡಿ, ನಿಮ್ಮದು ಪುಟ್ಟ ಕೃಷ್ಣ.)

ಸ್ವೆಟರಿನ ಉಣ್ಣೆ ಬಂದದ್ದು ಬೇರೆ ದಾರಿಯಿಂದ. ಸಂಸ್ಕೃತದ ಊರ್ಣ ಪ್ರಾಕೃತದ ಬಾಯಲ್ಲಿ ಸವೆದು ಕನ್ನಡಕ್ಕೆ ಬಂದು ಉಣ್ಣೆ ಆಯಿತು. ಹೀಗೆ ಒಬ್ಬರಿಗೊಬ್ಬರು ಸಂಬಂಧವೇ ಇಲ್ಲದ ಎರಡು ಮಾತುಗಳು ಕೊನೆಗೆ ಒಂದೇ ಅಂಗಿ ಹಾಕಿಕೊಂಡು ಕೂತಿವೆ. ಇದರಲ್ಲಿ ಒಂದು ತಮಾಷೆ ಇದೆ. ಸಂಸ್ಕೃತದಲ್ಲಿ ಜೇಡನಿಗೆ ಊರ್ಣನಾಭ ಅನ್ನುತ್ತಾರೆ, ಹೊಕ್ಕುಳಲ್ಲೇ ನೂಲು ಇಟ್ಟುಕೊಂಡವನು ಅಂತ. ಅಂದರೆ ಬಟ್ಟೆಯ ಉಣ್ಣೆ ಜೇಡನ ಹೆಸರಿನಲ್ಲಿದೆ, ಕಚ್ಚುವ ಉಣ್ಣೆ ಜೇಡನ ಕುಲದಲ್ಲೇ ಇದೆ!

ಹೌದು, ಉಣುಗು ಕೀಟ ಅಲ್ಲ. ನಿಮ್ಮ ವರದಿಗಾರರು ಪ್ರತಿ ವರ್ಷ ಅದನ್ನು ಕೀಟ ಅಂತಲೇ ಬರೆಯುತ್ತಾರೆ. ಕೀಟಕ್ಕೆ ಆರು ಕಾಲು, ಉಣುಗಿಗೆ ಎಂಟು. ಮೊಟ್ಟೆಯಿಂದ ಬಂದ ಮರಿಗೆ ಮಾತ್ರ ಆರು, ಆಮೇಲೆ ಎಂಟಾಗುತ್ತದೆ. ರೆಕ್ಕೆ ಇಲ್ಲ, ತಲೆ ಮೇಲೆ ಮೀಸೆ ಇಲ್ಲ. ಜೇಡ, ಚೇಳಿನ ಕಡೆಯ ನೆಂಟ ಅದು. ಇದೆಲ್ಲ ಶಾಲೆಯ ವಿಜ್ಞಾನದ ಮೇಷ್ಟ್ರ ತಕರಾರು ಅಂತ ನಾನೂ ಸುಮ್ನೆ ಇರುತ್ತಿದ್ದೆ. ಆದರೆ ನಮ್ಮ ನೆಂಟರೊಬ್ಬರು ‘ಕೀಟದಿಂದ ಹರಡುವ ರೋಗ’ ಅಂತ ಓದಿ, ಪೇಟೆಗೆ ಹೋಗಿ ಸೊಳ್ಳೆ ಬತ್ತಿ ತಂದು ಮನೆಯಲ್ಲಿ ಹಚ್ಚಿಟ್ಟು, ಮಾರನೇ ದಿನ ಬರಿಗಾಲಲ್ಲಿ ಬೆಟ್ಟಕ್ಕೆ ಸೊಪ್ಪಿಗೆ ಹೋದರು. ಅವರು ದಡ್ಡರಲ್ಲ. ಕೀಟ ಅಂದ ಕೂಡಲೇ ಅವರ ಕಣ್ಣಿಗೆ ಹಾರುವುದು ಬಂತು, ಅಷ್ಟೇ. ಉಣುಗು ಅಂತ ಬರೆದಿದ್ದರೆ ಅವರಿಗೆ ಯಾರೂ ಏನೂ ಹೇಳಿಕೊಡಬೇಕಾಗಿರಲಿಲ್ಲ. ಉಣುಗು ಎಲ್ಲಿರುತ್ತದೆ, ಯಾವಾಗ ಜಾಸ್ತಿ, ಹೇಗೆ ಹತ್ತುತ್ತದೆ ಅಂತ ಅವರಿಗೆ ಡಾಕ್ಟರಿಗಿಂತ ಚೆನ್ನಾಗಿ ಗೊತ್ತು.

ಮಲೆನಾಡಿನವರ ಲೆಕ್ಕ ಸುಲಭ. ಮಳೆಗಾಲಕ್ಕೆ ಇಂಬಳ (ಜಿಗಣೆ), ಬೇಸಿಗೆಗೆ ಉಣುಗು. ಕಾಡಿನ ಉಣುಗು ಹಾರುವುದಿಲ್ಲ, ನೆಗೆಯುವುದೂ ಇಲ್ಲ. ಹುಲ್ಲಿನ ತುದಿಯಲ್ಲೋ ಒಣಗಿದ ಎಲೆಯ ಮೇಲೋ ಕೂತು ಮುಂದಿನ ಎರಡು ಕಾಲು ಚಾಚಿಕೊಂಡು ಕಾಯುತ್ತದೆ. ನಮ್ಮ ಉಸಿರಿನ ಗಾಳಿ, ಮೈಯ ಬಿಸಿ, ಇವನ್ನು ಹಿಡಿಯುವ ಅಂಗ ಆ ಮುಂಗಾಲಿನಲ್ಲೇ ಇದೆ. ನಾವು ಸವರಿಕೊಂಡು ಹೋದರೆ ಹತ್ತಿಕೊಂಡುಬಿಡುತ್ತದೆ. ಮಂಗನ ಕಾಯಿಲೆಯನ್ನು ಮನುಷ್ಯರಿಗೆ ದಾಟಿಸುವುದರಲ್ಲಿ ಮುಂದಿರುವುದು ದೊಡ್ಡ ಉಣುಗಲ್ಲ, ಗಸಗಸೆ ಕಾಳಿನಷ್ಟಿರುವ ಎಳೆಯದು. ಅದು ಜಾಸ್ತಿ ಓಡಾಡುವುದು ಜನವರಿಯಿಂದ ಮೇ ತನಕ. ಕೊಟ್ಟಿಗೆಗೆ ದರಕು (ಒಣಗಿದ ಎಲೆ) ಗುಡಿಸುವುದು, ಕಟ್ಟಿಗೆ ತರುವುದು, ದನ ಹುಡುಕುವುದು ಎಲ್ಲ ಅದೇ ಹೊತ್ತಿನಲ್ಲಿ.

ಹಳೇ ಕಥೆ ಗೊತ್ತಿಲ್ಲದವರಿಗೆ ಎರಡು ಮಾತು. 1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಮಂಗಗಳು ಸಾಯತೊಡಗಿದವು, ಸುತ್ತಲಿನ ಹಳ್ಳಿಯವರಿಗೂ ಕೆಟ್ಟ ಜ್ವರ ಬಂತು. ದಕ್ಷಿಣ ಅಮೆರಿಕದಲ್ಲಿ ಮಂಗಗಳನ್ನೂ ಮನುಷ್ಯರನ್ನೂ ಕೊಲ್ಲುವ ಹಳದಿ ಜ್ವರ ಇಲ್ಲಿಗೂ ಬಂತೇನೋ ಅಂತ ಮೊದಲು ಹೆದರಿದರು. ಪುಣೆಯ ವೈರಸ್ ಸಂಶೋಧನಾ ಕೇಂದ್ರದವರು ಬಂದು ನೋಡಿದಾಗ ಇದು ಹೊಸ ವೈರಸ್ಸು, ದಾಟಿಸುವುದು ಉಣುಗು ಅಂತ ಗೊತ್ತಾಯಿತು. ಕಾಡಿನ ಹೆಸರೇ ರೋಗಕ್ಕೂ ಬಂತು, ಜಗತ್ತಿಗೆಲ್ಲ ಅದು ಕ್ಯಾಸನೂರು ಕಾಡಿನ ಕಾಯಿಲೆ. ನಾವು ಮಾತ್ರ ಮಂಗನ ಕಾಯಿಲೆ ಅಂದೆವು. ಪಾಪ, ಮಂಗವೂ ನಮ್ಮ ಹಾಗೆ ಕಚ್ಚಿಸಿಕೊಂಡು ಸಾಯುವ ಪ್ರಾಣಿ. ಉಣುಗಿನ ಜ್ವರ ಅಂತ ಆಗಲೇ ಕರೆದಿದ್ದರೆ ಈ ಕಾಗದ ಬರೆಯುವ ಕೆಲಸ ಇರುತ್ತಿರಲಿಲ್ಲ. 2022ರಲ್ಲಿ ಮಂಗನ ಸಿಡುಬಿನ ಸುದ್ದಿ ಬಂದಾಗ ಊರಿನಿಂದ ನನಗೆ ಎಷ್ಟು ಫೋನ್ ಬಂತು ಅಂತೀರಿ! ಮೊದಲೇ ಕೆಪ್ಪಟೆಗೆ ಮಂಗನ ಬಾವು ಅನ್ನುತ್ತೇವೆ. ಮೂರೂ ಬೇರೆ ಬೇರೆ ರೋಗ, ಒಂದಕ್ಕೊಂದು ಸಂಬಂಧ ಇಲ್ಲ.

ಈ ಜ್ವರ ಹಿಡಿದವರಲ್ಲಿ ನೂರಕ್ಕೆ 3ರಿಂದ 5 ಜನ ತೀರಿಹೋಗುತ್ತಾರೆ. ದಶಕಗಳ ಕಾಲ ಹಾಕುತ್ತಿದ್ದ ಲಸಿಕೆ 2022ರಲ್ಲಿ ನಿಂತಿತು. ರೋಗ ಮಲೆನಾಡಿನಲ್ಲೇ ಕೂತಿಲ್ಲ, ಬಂಡೀಪುರ, ವಯನಾಡು, ನೀಲಗಿರಿ, ಗೋವಾ, ಮಹಾರಾಷ್ಟ್ರದ ಸಿಂಧುದುರ್ಗ ಅಂತ ಪಶ್ಚಿಮ ಘಟ್ಟ ಹಿಡಿದು ಹೋಗಿದೆ. 2019ರಲ್ಲಿ ನಮ್ಮ ತಾಲ್ಲೂಕಿನ ಅರಳಗೋಡು ಸುತ್ತ ಆದದ್ದು ನಿಮ್ಮ ಪತ್ರಿಕೆಯಲ್ಲೇ ಬಂದಿತ್ತು. ನಮ್ಮ ಕೈಯಲ್ಲಿರುವುದು ಇಷ್ಟೇ: ಉಣುಗು ಹತ್ತದಂತೆ ನೋಡಿಕೊಳ್ಳುವುದು, ಕಾಡಿಗೆ ಹೋಗುವಾಗ ಮೈಗೆ ಉಣುಗು ಓಡಿಸುವ ಎಣ್ಣೆ ಹಚ್ಚುವುದು, ಬಂದ ಕೂಡಲೇ ಬಿಸಿನೀರಲ್ಲಿ ಸ್ನಾನ ಮಾಡಿ ಬಟ್ಟೆ ತೊಳೆಯುವುದು, ಸತ್ತ ಮಂಗದ ಹತ್ತಿರ ಹೋಗದೆ ಆರೋಗ್ಯ ಇಲಾಖೆಗೆ ತಿಳಿಸುವುದು. ಮಂಗ ಸತ್ತ ಮೇಲೆ ಅದರ ಮೈಮೇಲಿನ ಉಣುಗೆಲ್ಲ ಉದುರಿ ಅಲ್ಲೇ ಸುತ್ತ ಕಾಯುತ್ತಿರುತ್ತವೆ. ಇಷ್ಟು ಕೆಲಸವೂ ಒಂದು ಮಾತು ಸರಿಯಾಗಿ ಅರ್ಥ ಆಗುವುದರ ಮೇಲೆ ನಿಂತಿದೆ.

ಇಲಾಖೆಯವರು ನಿಮಗಿಂತ ಮೇಲೇನೂ ಅಲ್ಲ. ಒಂದು ಸಲ ಊರಿಗೆ ಹೋದಾಗ ಹಂಚಿದ ಕರಪತ್ರ ನೋಡಿದೆ. ‘ಮೈಮೇಲೆ ಟಿಕ್‌ಗಳಿವೆಯೇ ಎಂದು ಪರೀಕ್ಷಿಸಿಕೊಳ್ಳಿ’ ಅಂತ ಇತ್ತು. ನಮ್ಮ ಚಿಕ್ಕಮ್ಮ ಕನ್ನಡಕ ಏರಿಸಿ ಓದಿ, "ಟಿಕ್ ಅಂದ್ರೆ ಮೇಷ್ಟ್ರು ಹಾಕೋದಲ್ವನೋ? ಮೈಮೇಲೆ ಯಾರು ಹಾಕ್ತಾರೆ?" ಅಂದರು. ನಾನು ಉಣುಗು ಅಂದೆ. "ಅಷ್ಟು ಬರೆಯೋಕೆ ಇವರಿಗೆ ಎಂಥ ರೋಗ ಮಾರಾಯ" ಅಂತ ಆ ಕಾಗದವನ್ನು ಒಲೆಯ ಪಕ್ಕ ಇಟ್ಟರು, ಬೆಂಕಿ ಹಚ್ಚಲು.

ರಕ್ತ ಹೀರುವವಕ್ಕೆ ಕನ್ನಡದಲ್ಲಿ ಹೆಸರಿನ ಬರ ಇಲ್ಲ. ತಲೆಯದು ಹೇನು, ಅದರ ಮೊಟ್ಟೆ ಸೀರು, ಬಟ್ಟೆಯ ಹೊಲಿಗೆಯಲ್ಲಿ ಅವಿತಿರುವುದು ಕೂರೆ, ಮಂಚದ ಸಂದಿಯದು ತಿಗಣೆ, ನಾಯಿ ಬೆಕ್ಕಿನ ಮೈಯಿಂದ ನೆಗೆಯುವುದು ಚಿಗಟ. ಒಂದೊಂದಕ್ಕೂ ಒಂದೊಂದು ಜಾಗ, ಒಂದೊಂದು ಹೆಸರು. ನಮ್ಮ ಅಜ್ಜಿ ಕೂರೆ, ಹೇನು ಎರಡನ್ನೂ ಬೆರೆಸಿ ಮಾತಾಡಿದ್ದನ್ನು ನಾನು ಕೇಳಿಯೇ ಇಲ್ಲ. ಕೂರೆಗೆ ಹೆದರಿ ಸೀರೆ ಬಿಟ್ಟ ಹಾಗೆ ಅಂತ ಅವರು ಆಗಾಗ ಅನ್ನುತ್ತಿದ್ದರು. ನನ್ನ ಮಗಳ ಪುಸ್ತಕದಲ್ಲಿ ಇವೆಲ್ಲ ಸೇರಿ ‘ಪರಾವಲಂಬಿ ಕೀಟಗಳು’ ಆಗಿವೆ. ಪರಾವಲಂಬಿ ಅಂದರೆ ಮನೆ ಬಾಡಿಗೆ ಕೊಡದ ನೆಂಟ ಅಂತ ನಾನು ಅವಳಿಗೆ ಹೇಳಿಕೊಟ್ಟಿದ್ದೇನೆ, ಪರೀಕ್ಷೆಯಲ್ಲಿ ಬರೆಯಬೇಡ ಅಂತಲೂ ಹೇಳಿದ್ದೇನೆ.

ಹೆಸರಿನ ಗೊಂದಲ ಇಂಗ್ಲಿಷಿನವರಿಗೂ ತಪ್ಪಿದ್ದಲ್ಲ. ಕುರಿಯ ಉಣ್ಣೆಯೊಳಗೆ (ಬಟ್ಟೆಯ ಉಣ್ಣೆ ಮಾರಾಯ್ರೇ!) ವಾಸ ಮಾಡುವ ಒಂದು ನೊಣ ಇದೆ, ರೆಕ್ಕೆಯೇ ಇಲ್ಲದ ನೊಣ. ಅದಕ್ಕೆ ಅವರ ಹೆಸರು ‘ಕೆಡ್’. ಆದರೆ ಅಲ್ಲಿನ ಎಷ್ಟೋ ಜನ ಅದನ್ನು ‘ಶೀಪ್ ಟಿಕ್’ ಅನ್ನುತ್ತಾರೆ, ಕುರಿಯ ಉಣುಗು ಅಂತ. ನಾವು ಉಣುಗನ್ನು ಕೀಟ ಮಾಡಿದೆವು, ಅವರು ಆರು ಕಾಲಿನ ಅಪ್ಪಟ ಕೀಟವನ್ನು ಉಣುಗು ಮಾಡಿದರು. ನಮ್ಮಲ್ಲೂ ಕುರಿಯ ವಿಷಯಕ್ಕೆ ಬಂದರೆ ಗೊಂದಲ ಇನ್ನೂ ಜಾಸ್ತಿ. ‘ಕುರಿಯ ಉಣ್ಣೆ ತೆಗೆದರು’ ಅಂತ ಬರೆದರೆ ಏನು ತೆಗೆದ ಹಾಗಾಯಿತು, ಹೇಳಿ? ಕತ್ತರಿ ಹಿಡಿದರೋ, ಉಗುರಲ್ಲಿ ಕಿತ್ತರೋ? ಬಟ್ಟೆಯ ಉಣ್ಣೆಗೆ ತುಪ್ಪಟ ಅನ್ನುವ ಚೆಂದದ ಮಾತು ಕನ್ನಡದಲ್ಲೇ ಇದೆ, ಅದನ್ನೂ ಮರೆಯುತ್ತಿದ್ದೇವೆ.

ಕಣ್ಣಿಗೆ ಕಂಡದ್ದನ್ನು ಹೆಸರಾಗಿ ಇಡುವುದರಲ್ಲಿ ಮಾತ್ರ ಎಲ್ಲ ದೇಶದ ಹಳ್ಳಿಯವರೂ ಒಂದೇ. ರಕ್ತ ಕುಡಿದು ಉಬ್ಬಿದ ಉಣುಗನ್ನು ನೋಡಿದವರಿಗೆ ಗೊತ್ತು, ಅದು ಥೇಟ್ ಹರಳು ಬೀಜ. ಹರಳೆಣ್ಣೆಯ ಹರಳು. ಆ ಗಿಡಕ್ಕೆ ವಿಜ್ಞಾನಿಗಳು ಇಟ್ಟ ಹೆಸರು ರಿಸಿನಸ್. ಹಳೇ ಲ್ಯಾಟಿನ್ನಿನಲ್ಲಿ ರಿಸಿನಸ್ ಅಂದರೆ ಉಣುಗು! ರೋಮಿನವರಿಗೂ ಬೀಜ ನೋಡಿದ ಕೂಡಲೇ ನಮ್ಮ ಕೊಟ್ಟಿಗೆಯಲ್ಲಿ ಹೊಳೆಯುವುದೇ ಹೊಳೆದಿದೆ. ಮಂಗನ ಕಾಯಿಲೆಯ ಉಣುಗಿನ ಶಾಸ್ತ್ರೀಯ ಹೆಸರು ಹೆಮಾಫೈಸಾಲಿಸ್ ಸ್ಪೈನಿಜೆರಾ. ಹೇಳುವಷ್ಟರಲ್ಲಿ ನಾಲಗೆ ಗಂಟು ಬೀಳುತ್ತದೆ, ಆದರೆ ಮೊದಲ ಮಾತಿಗೆ ಗ್ರೀಕಿನಲ್ಲಿ ರಕ್ತದ ಗುಳ್ಳೆ ಅಂತ ಅರ್ಥ ಅಷ್ಟೇ. ಅದೂ ನೋಡಿ ಇಟ್ಟ ಹೆಸರೇ.

ಈಗ ನನ್ನ ಕೋರಿಕೆ. ಮಂಗನ ಕಾಯಿಲೆ ಸುದ್ದಿಯಲ್ಲಿ ಉಣುಗು ಅಂತ ಬರೆಯಿರಿ. ಮೊದಲ ಸಲ ಬಂದಾಗ ‘ಉಣುಗು, ಕೆಲವು ಕಡೆ ಉಣ್ಣೆ ಎನ್ನುತ್ತಾರೆ’ ಅಂತ ಒಂದು ಸಾಲು ಸೇರಿಸಿದರೆ ನನ್ನ ಹೆಂಡತಿಯ ತವರಿಗೂ ಸಮಾಧಾನ. ಆಮೇಲೆ ಸುದ್ದಿ ಮುಗಿಯುವ ತನಕ ಉಣುಗೇ ಇರಲಿ. ಯಾಕೆ ನಿಮ್ಮೂರ ಮಾತೇ ಆಗಬೇಕು ಅಂತ ಕೇಳಬಹುದು. ಆ ಜ್ವರಕ್ಕೆ 1957ರಿಂದ ಜಾಸ್ತಿ ಸತ್ತವರು ಆ ಮಾತು ಆಡುವವರೇ, ಇದಕ್ಕಿಂತ ಬೇರೆ ಕಾರಣ ನನ್ನ ಹತ್ತಿರ ಇಲ್ಲ. ಮತ್ತೆ ಉಣುಗಿಗೆ ಇನ್ನೊಂದು ಅರ್ಥವೂ ಇಲ್ಲ, ಅದನ್ನು ಯಾರೂ ಹೆಣೆದು ಸ್ವೆಟರ್ ಮಾಡುವುದಿಲ್ಲ. ಕೀಟ ಅನ್ನುವುದನ್ನಂತೂ ಬಿಟ್ಟೇಬಿಡಿ. ಏನೂ ತೋಚದಿದ್ದರೆ ‘ರಕ್ತ ಹೀರುವ ಜೀವಿ’ ಅನ್ನಿ, ಸಾಕು.

ಸುದ್ದಿಯ ಪಕ್ಕ ಒಂದು ಚಿತ್ರ ಹಾಕಿದರೆ ಇನ್ನೂ ಒಳ್ಳೆಯದು. ಆದರೆ ದಯವಿಟ್ಟು ಊದಿಕೊಂಡ ದನದ ಉಣುಗಿನ ಚಿತ್ರ ಬೇಡ. ಗಸಗಸೆಯಷ್ಟಿರುವ ಎಳೆಯದರ ಚಿತ್ರ ಹಾಕಿ, ಪಕ್ಕದಲ್ಲಿ ಒಂದು ಬೆರಳೋ ನಾಣ್ಯವೋ ಇರಲಿ. ದೊಡ್ಡದನ್ನು ಎಲ್ಲರೂ ಕಿತ್ತು ಹಾಕುತ್ತಾರೆ, ಚಿಕ್ಕದನ್ನು ಮಚ್ಚೆ ಅಂದುಕೊಳ್ಳುತ್ತಾರೆ. ಕೀಳುವುದು ಹೇಗೆ ಅಂತಲೂ ಬರೆಯಿರಿ. ನಮ್ಮ ಕಡೆ ಸೀಮೆಎಣ್ಣೆ ಹಾಕುತ್ತಾರೆ, ಬೀಡಿ ತುದಿ ಮುಟ್ಟಿಸುತ್ತಾರೆ, ಎರಡೂ ಸರಿಯಲ್ಲ. ಚಿಮಟದಲ್ಲಿ ಚರ್ಮಕ್ಕೆ ಹತ್ತಿರ ಹಿಡಿದು ನೇರಕ್ಕೆ ಎಳೆಯಬೇಕು, ಹೊಟ್ಟೆ ಹಿಚುಕಬಾರದು.

ಮಗಳ ವಿಷಯ ಹೇಳಿ ಮುಗಿಸುತ್ತೇನೆ. ಈ ಬೇಸಿಗೆ ಊರಿಗೆ ಹೋದಾಗ ಅವಳು ತೋಟದಿಂದ ಬಂದ ಕೂಡಲೇ ಮಂಡಿಯ ಹಿಂದೆ, ಕಂಕುಳಲ್ಲಿ, ಕಿವಿಯ ಹಿಂದೆ ಎಲ್ಲ ನೋಡಿಕೊಂಡು ಚಿಕ್ಕಮ್ಮನಿಗೆ "ಉಣುಗು ಇಲ್ಲ" ಅಂತ ಕೂಗುತ್ತಿದ್ದಳು. ಆಮೇಲೆ ಫೋನ್ ತೆಗೆದುಕೊಂಡು ತುಮಕೂರಿನ ಅಜ್ಜಿಗೆ "ಉಣ್ಣೆ ಇಲ್ಲ ಅಜ್ಜಿ" ಅನ್ನುತ್ತಿದ್ದಳು.

ಇಂತಿ,
ನಿಮ್ಮ ಹಳೇ ಓದುಗ,
ಬೆಂಗಳೂರು