ಮೂಕಿ ಚಿತ್ರಕ್ಕೆ ಮೈಕು ಏಕೆ?

ಮಾನ್ಯ ಸಂಪಾದಕರೇ,

ನಮ್ಮ ಬಡಾವಣೆಯ ಸಮುದಾಯ ಭವನದಲ್ಲಿ ಭಾನುವಾರ ನಡೆದ ಮೂಕಿ ಚಿತ್ರ ಪ್ರದರ್ಶನವು ‘ಪ್ರೇಕ್ಷಕರನ್ನು ನಗೆಗಡಲಲ್ಲಿ ತೇಲಿಸಿತು’ ಎಂಬ ತಮ್ಮ ವರದಿಯನ್ನು ಓದಿ ನನಗೆ ನಗು ಬಂತು. ಅಲ್ಲಿ ಕುಳಿತಿದ್ದಾಗ ಬಾರದ ನಗು. ಐದು ಗಂಟೆಗೆಂದು ಆಹ್ವಾನ ಪತ್ರಿಕೆಯಲ್ಲಿ ಅಚ್ಚಾಗಿದ್ದರಿಂದ, ಲಿಫ್ಟ್ ಕೆಟ್ಟಿದ್ದರೂ ಮಂಡಿನೋವು ಸಹಿಸಿಕೊಂಡು, ಮೊಮ್ಮಗನ ಕೈ ಹಿಡಿದು ಎರಡು ಮಹಡಿ ಹತ್ತಿದೆ. ಸ್ವಾಗತ, ಪ್ರಾಸ್ತಾವಿಕ ನುಡಿ, ಹಾರ ತುರಾಯಿಗಳೆಲ್ಲ ಮುಗಿದು ಚಿತ್ರ ಆರಂಭವಾದಾಗ ಏಳು ದಾಟಿತ್ತು.

ತೋರಿಸಿದ್ದು ಚಾರ್ಲಿ ಚಾಪ್ಲಿನ್ ಅವರ 1918ರ ‘ಎ ಡಾಗ್ಸ್ ಲೈಫ್’. ಅದರಲ್ಲಿ ನಾನು ಕಾದು ಕುಳಿತಿದ್ದುದು ಉದ್ಯೋಗ ಕಚೇರಿಯ ದೃಶ್ಯಕ್ಕೆ. ಬಿಯರ್ ಕಾರ್ಖಾನೆಯ ಕೆಲಸಕ್ಕಾಗಿ ಬಂದ ಚಾರ್ಲಿ ಒಂದು ಕಿಟಕಿಗೆ ಓಡಿದರೆ ಅಲ್ಲೊಬ್ಬ ಮೊದಲೇ ನಿಂತಿರುತ್ತಾನೆ, ಪಕ್ಕದ ಕಿಟಕಿಗೆ ಜಾರಿದರೆ ಅಲ್ಲಿ ಇನ್ನೊಬ್ಬ. ಹೀಗೆ ಬೆಂಚಿನಲ್ಲಿದ್ದವರೆಲ್ಲ ಕೆಲಸ ಪಡೆದು, ಇವನ ಸರದಿ ಬರುವಷ್ಟರಲ್ಲಿ ಕಿಟಕಿಯೇ ಮುಚ್ಚಿಹೋಗುತ್ತದೆ. ಮಾತಿಲ್ಲದೆಯೇ ಎಲ್ಲವೂ ಅರ್ಥವಾಗುವ ಆ ದೃಶ್ಯಕ್ಕೆ ಸಂಘಟಕರೊಬ್ಬರು ಮೈಕು ಹಿಡಿದು ‘ಈಗ ಓಡುತ್ತಾರೆ, ಈಗ ಜಾರುತ್ತಾರೆ’ ಎಂದು ವಿವರಣೆ ಕೊಟ್ಟರು. 1959ರಲ್ಲಿ ಚಾಪ್ಲಿನ್ ಅವರೇ ಈ ಚಿತ್ರಕ್ಕೆ ಸಂಯೋಜಿಸಿದ ಸಂಗೀತವನ್ನು ಅಡಗಿಸಿ, ಮದುವೆ ಮನೆಯ ವಾಲಗವನ್ನು ಹಾಕಿದ್ದರು. ಅಷ್ಟರಲ್ಲಿ ಮುಖ್ಯ ಅತಿಥಿಗಳು ಹೊರಡಲೆಂದು ಎದ್ದದ್ದೇ ತಡ, ಫೋಟೊಕ್ಕಾಗಿ ಪದಾಧಿಕಾರಿಗಳು ಪರದೆಯ ಮುಂದೆಯೇ ಒಬ್ಬರನ್ನೊಬ್ಬರು ನೂಕಿಕೊಂಡು ಓಡಿದರು. ಅವರ ನೆರಳುಗಳ ನಡುವೆ ಚಾರ್ಲಿ ಯಾರೆಂದು ಹುಡುಕುವುದೇ ನಮ್ಮ ಕೆಲಸವಾಯಿತು. ‘ತಾತ, ಮೈಕಿನ ಅಂಕಲ್ ಯಾವಾಗ ಮೂಕಿ ಆಗ್ತಾರೆ?’ ಎಂದು ಮೊಮ್ಮಗ ಕೇಳಿದ.

ಆ ದೃಶ್ಯ ನನಗೆ ಬೇಕಾಗಿದ್ದುದಕ್ಕೆ ಕಾರಣವಿದೆ. ಡಿಗ್ರಿ ಮುಗಿಸಿ ಕೆಲಸಕ್ಕೆ ಹೆಸರು ನೋಂದಾಯಿಸಲು ಹೋದ ದಿನ, ‘ಇಲ್ಲಲ್ಲ, ಆಚೆ ಕಿಟಕಿ’ ಎಂದು ಮಧ್ಯಾಹ್ನದವರೆಗೆ ಅಲೆದಾಡಿಸಿ, ಊಟದ ಸಮಯವೆಂದು ನನ್ನ ಮೂಗಿನೆದುರೇ ಬಾಗಿಲು ಹಾಕಿಕೊಂಡರು. ಕಳೆದ ತಿಂಗಳು ಪಿಂಚಣಿ ಕಾಗದಕ್ಕೆ ಹೋದಾಗಲೂ ಅದೇ ಕಥೆ. ಈಗ ಕಿಟಕಿಯ ಬದಲು ‘ಸರ್ವರ್ ಡೌನ್’ ಆಗಿತ್ತು. ಚಾರ್ಲಿಗೆ ಎರಡೇ ಕಿಟಕಿಗಳಿದ್ದವು, ಪುಣ್ಯವಂತ.

ಸಂಬಂಧಪಟ್ಟವರು ಈ ಚಿತ್ರವನ್ನು ಮೈಕಿಲ್ಲದೆ ಮತ್ತೊಮ್ಮೆ ತೋರಿಸಬೇಕು, ಇಲ್ಲವೇ ಇಂಥ ಚಿತ್ರಗಳ ತಂಟೆಗೇ ಹೋಗಬಾರದು. ಲಿಫ್ಟನ್ನೂ ಯಾರಾದರೂ ಗಮನಿಸಲಿ. ತಮ್ಮ ವರದಿಗಾರರು ಮುಂದಿನ ಸಲ ಕಾಫಿ ಕುಡಿದ ಮೇಲೆಯೂ ಸ್ವಲ್ಪ ಹೊತ್ತು ಕುಳಿತಿರಲಿ.

– ನೊಂದ ಪ್ರೇಕ್ಷಕ