ವ್ಯಾಜ್ಯದಲ್ಲಿರುವ ಆಸ್ತಿಗಳ ವಿದ್ಯುತ್ ಸಂಪರ್ಕ: ಅರ್ಜಿ ಸಲ್ಲಿಕೆಯ ಕ್ರಮದಲ್ಲಿ ಬದಲಾವಣೆ

ಮಾನ್ಯ ಗ್ರಾಹಕರೇ,

ಒಡೆತನದ ತಕರಾರಿರುವ ಮನೆ, ಅಂಗಡಿ, ಮಳಿಗೆಗಳಿಗೆ ಹೊಸ ವಿದ್ಯುತ್ ಸಂಪರ್ಕ ಕೋರುವ ಅರ್ಜಿಗಳನ್ನು ನಮ್ಮ ವಿದ್ಯುತ್ ಗುತ್ತಿಗೆದಾರರ ಸಹಕಾರ ಸಂಘವು ಮುಂದಿನ ತಿಂಗಳ ಒಂದನೇ ತಾರೀಖಿನಿಂದ ಬೇರೆ ಕ್ರಮದಲ್ಲಿ ನಿರ್ವಹಿಸಲಿದೆ. ಮಾಲೀಕರ ನಿರಾಕ್ಷೇಪಣಾ ಪತ್ರವಿಲ್ಲದ ಅರ್ಜಿಯನ್ನು ನಾವು ಇದುವರೆಗೆ ತೆಗೆದುಕೊಳ್ಳುತ್ತಿರಲಿಲ್ಲ. ತೆಗೆದುಕೊಂಡ ಮೇಲೂ ಯಾವುದಾದರೂ ಕಚೇರಿಯಿಂದ ‘ಸದ್ಯಕ್ಕೆ ತಡೆಹಿಡಿಯಿರಿ’ ಎಂದು ಫೋನ್ ಬಂದರೆ ಕಡತವನ್ನು ನಿಮಗೇ ಹಿಂದಿರುಗಿಸುತ್ತಿದ್ದೆವು. ಇನ್ನು ಮುಂದೆ, ಸ್ಥಳವು ನಿಮ್ಮ ಸ್ವಾಧೀನದಲ್ಲಿದೆ ಎಂಬುದಕ್ಕೆ ದಾಖಲೆಯಿದ್ದರೆ ಅರ್ಜಿಯನ್ನು ಸಲ್ಲಿಸುತ್ತೇವೆ, ಮತ್ತು ಅದನ್ನು ತಡೆಯಲು ಹೇಳುವವರಿಂದ ಕಾರಣಸಹಿತ ಹಿಂಬರಹವನ್ನು (ಅರ್ಜಿಗೆ ಕಚೇರಿ ಬರೆದು ಕೊಡುವ ಉತ್ತರ) ಲಿಖಿತವಾಗಿ ಕೋರಿ, ಅದರ ಪ್ರತಿಯನ್ನು ನಿಮಗೆ ಒಪ್ಪಿಸುತ್ತೇವೆ.

ಈ ನಿರ್ಧಾರಕ್ಕೆ ಬರಲು ಒಂದು ಪ್ರಕರಣ ಕಾರಣವಾಯಿತು. ಅಣ್ಣತಮ್ಮಂದಿರ ಪಾಲಿನ ದಾವೆ ನಡೆಯುತ್ತಿರುವ ಮನೆಯಲ್ಲಿ ವಾಸವಿರುವ ಗ್ರಾಹಕರೊಬ್ಬರ ಅರ್ಜಿಯನ್ನು ನಾವು ಒಂದು ಮೌಖಿಕ ಸೂಚನೆಯ ಮೇರೆಗೆ ಕೈಬಿಟ್ಟಿದ್ದೆವು. ಅವರು ಹೈಕೋರ್ಟಿಗೆ ಹೋಗಲು ಸಿದ್ಧರಾದಾಗ ಅವರ ವಕೀಲರು ಕೇಳಿದ ಮೊದಲ ಪ್ರಶ್ನೆ, ‘ಪ್ರಶ್ನಿಸಬೇಕಾದ ಆದೇಶ ಎಲ್ಲಿದೆ?’ ಎಂಬುದು. ತೋರಿಸಲು ನಮ್ಮಲ್ಲಿ ಒಂದು ಸಾಲಿನ ಕಾಗದವೂ ಇರಲಿಲ್ಲ. ಆ ಗ್ರಾಹಕರಿಗೆ ಆದ ವಿಳಂಬಕ್ಕೆ ನಾವೇ ಹೊಣೆ, ಅದಕ್ಕಾಗಿ ಅವರ ಕ್ಷಮೆ ಕೋರಿದ್ದೇವೆ.

2003ರ ವಿದ್ಯುಚ್ಛಕ್ತಿ ಕಾಯ್ದೆಯ 43ನೇ ಕಲಂ, ಸ್ಥಳದ ಮಾಲೀಕರಷ್ಟೇ ಅಲ್ಲದೆ ಅದರ ಅನುಭೋಗದಾರರು, ಅಂದರೆ ಅಲ್ಲಿ ವಾಸವಿರುವವರು ಅಥವಾ ಅದನ್ನು ಬಳಸುತ್ತಿರುವವರು, ಅರ್ಜಿ ಹಾಕಿದರೂ ವಿದ್ಯುತ್ ಪೂರೈಸುವ ಕರ್ತವ್ಯವನ್ನು ಸರಬರಾಜು ಕಂಪನಿಯ ಮೇಲೆ ಹೊರಿಸುತ್ತದೆ. ಮನೆ ಮಾಲೀಕರು ನಿರಾಕ್ಷೇಪಣಾ ಪತ್ರ ಕೊಡಲಿಲ್ಲವೆಂಬ ಕಾರಣಕ್ಕೆ ಸಂಪರ್ಕ ನಿರಾಕರಿಸುವಂತಿಲ್ಲ, ಅರ್ಜಿದಾರರು ಆ ಸ್ಥಳದಲ್ಲಿ ಇದ್ದಾರೆಯೇ ಎಂಬುದನ್ನು ನೋಡಿದರೆ ಸಾಕು ಎಂದು ಸರ್ವೋಚ್ಚ ನ್ಯಾಯಾಲಯವು ದಿಲೀಪ್ ಮತ್ತು ಸತೀಶ್ ನಡುವಿನ ಪ್ರಕರಣದಲ್ಲಿ 2022ರಲ್ಲಿ ಹೇಳಿದೆ. ಈ ತೀರ್ಪು ಬಂದ ಮೇಲೂ ನಾವು ಹಳೆಯ ನಮೂನೆಯನ್ನೇ ಮುಂದುವರಿಸಿದ್ದು ಸರಿಯಾಗಿರಲಿಲ್ಲ.

ಹಿಂಬರಹಕ್ಕೆ ನಾವು ಇಷ್ಟು ಮಹತ್ವ ಕೊಡುವುದೇಕೆಂದು ಕೆಲವರು ಕೇಳಿದ್ದಾರೆ. ಸಂವಿಧಾನದ 226ನೇ ವಿಧಿಯಡಿ ಆಡಳಿತದ ನಿರ್ದೇಶನವೊಂದನ್ನು ಪರಿಶೀಲಿಸುವ ಹೈಕೋರ್ಟು, ಅದನ್ನು ಹೊರಡಿಸಿದವರಿಗೆ ಆ ಅಧಿಕಾರವಿತ್ತೇ, ಬಾಧಿತರ ಅಹವಾಲನ್ನು ಕೇಳಲಾಯಿತೇ, ಕೊಟ್ಟ ಕಾರಣ ಪ್ರಸ್ತುತವೇ ಎಂಬುದನ್ನು ನೋಡುತ್ತದೆ. ಶಾಸನಬದ್ಧ ಆದೇಶದ ಸಿಂಧುತ್ವವನ್ನು ಅದರಲ್ಲೇ ಬರೆದ ಕಾರಣಗಳಿಂದ ಅಳೆಯಬೇಕು, ನಂತರ ನ್ಯಾಯಾಲಯಕ್ಕೆ ಸಲ್ಲಿಸುವ ಪ್ರಮಾಣಪತ್ರದ (ಅಫಿಡವಿಟ್) ಮೂಲಕ ಹೊಸ ಕಾರಣ ಸೇರಿಸಲಾಗದು ಎಂಬ ತತ್ವವನ್ನು ಮೊಹಿಂದರ್ ಸಿಂಗ್ ಗಿಲ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯದ ತೀರ್ಪು 1977ರಲ್ಲೇ ಸ್ಪಷ್ಟಪಡಿಸಿದೆ. ಕಾನೂನು ಒಬ್ಬ ಅಧಿಕಾರಿಗೆ ಕೊಟ್ಟ ವಿವೇಚನೆಯನ್ನು ಅವರೇ ಬಳಸಬೇಕು, ಮೇಲಿನವರು ಹೇಳಿದರೆಂದು ಸಹಿ ಹಾಕುವಂತಿಲ್ಲ ಎಂಬ ಮಾತು ಅದಕ್ಕಿಂತಲೂ ಹಳೆಯದು. ಕಾಗದವೇ ಇಲ್ಲದಿದ್ದರೆ ಈ ಪರೀಕ್ಷೆಗಳಿಗೆ ಒಡ್ಡಲು ಏನೂ ಉಳಿಯುವುದಿಲ್ಲ. ಆದ್ದರಿಂದಲೇ ಬರೆದು ಕೊಟ್ಟ ನಿರಾಕರಣೆ, ಬಾಯಿಮಾತಿನ ಭರವಸೆಗಿಂತ ನಿಮಗೆ ಹೆಚ್ಚು ಉಪಯುಕ್ತವೆಂದು ನಾವು ನಂಬುತ್ತೇವೆ.

ಇದರ ಮಿತಿಗಳನ್ನೂ ಹೇಳಬೇಕು. ಮೀಟರ್ ಕೂರಿಸಿದ ಮಾತ್ರಕ್ಕೆ ಒಡೆತನ ಸಾಬೀತಾಗುವುದಿಲ್ಲ, ಅದನ್ನು ಸಿವಿಲ್ ನ್ಯಾಯಾಲಯವೇ ತೀರ್ಮಾನಿಸಬೇಕು. ನ್ಯಾಯಾಲಯದ ತಡೆಯಾಜ್ಞೆ ಇರುವಲ್ಲಿ ನಾವು ಒಂದು ತಂತಿಯನ್ನೂ ಎಳೆಯುವುದಿಲ್ಲ. ಹಿಂದಿನ ಮಾಲೀಕರ ವಿದ್ಯುತ್ ಬಾಕಿ ತೀರುವವರೆಗೆ ಹೊಸ ಸಂಪರ್ಕ ನಿರಾಕರಿಸಲು ಪೂರೈಕೆಯ ಷರತ್ತುಗಳಲ್ಲಿ ಅವಕಾಶವಿದ್ದರೆ ಅದು ಸಿಂಧುವೆಂದು ಸರ್ವೋಚ್ಚ ನ್ಯಾಯಾಲಯವು 2023ರಲ್ಲಿ ತೀರ್ಪಿತ್ತಿರುವುದರಿಂದ, ಬಾಕಿಯ ವಿವರವನ್ನು ಮೊದಲೇ ವಿಚಾರಿಸಿಕೊಳ್ಳಿ. ನಿರಾಕರಣೆ ಬಂದಾಗ ನೇರವಾಗಿ ಹೈಕೋರ್ಟಿನಲ್ಲಿ 226ನೇ ವಿಧಿಯಡಿಯ ರಿಟ್ ಅರ್ಜಿಗೆ ಹೋಗುವ ಬದಲು ಕಾಯ್ದೆಯ 42ನೇ ಕಲಮಿನಡಿ ಇರುವ ಗ್ರಾಹಕರ ಕುಂದುಕೊರತೆ ನಿವಾರಣಾ ವೇದಿಕೆಗೆ, ಅಲ್ಲಿ ಪರಿಹಾರ ಸಿಗದಿದ್ದರೆ ಅದರ ಮುಂದಿನ ಹಂತದ ದೂರು ಪ್ರಾಧಿಕಾರಿಯಾದ ಓಂಬುಡ್ಸ್‌ಮನ್‌ಗೆ ದೂರು ಕೊಡುವುದು ಬಹಳ ಮಂದಿಗೆ ಹತ್ತಿರದ ದಾರಿ. ಪರ್ಯಾಯ ಪರಿಹಾರವಿದೆಯೆಂದು ಹೈಕೋರ್ಟು ಅಲ್ಲಿಗೇ ಕಳುಹಿಸುವ ಸಾಧ್ಯತೆಯೂ ಇದೆ. ಯಾವ ದಾರಿ ಹಿಡಿಯಬೇಕೆಂಬುದನ್ನು ನಿಮ್ಮ ವಕೀಲರೊಂದಿಗೆ ನಿರ್ಧರಿಸಿ.

ಅರ್ಜಿಯೊಂದಿಗೆ ಬಾಡಿಗೆ ಕರಾರು, ತೆರಿಗೆ ರಸೀದಿ ಮುಂತಾದ ಸ್ವಾಧೀನದ ದಾಖಲೆಗಳನ್ನೂ, ದಾವೆಯಿದ್ದರೆ ಅದರ ಸಂಖ್ಯೆ ಮತ್ತು ಮಧ್ಯಂತರ ಆದೇಶದ ಪ್ರತಿಯನ್ನೂ ತನ್ನಿ. ದಾವೆಯ ಸಂಗತಿಯನ್ನು ಮುಚ್ಚಿಟ್ಟರೆ ಮುಂದೆ ತೊಂದರೆಗೆ ಸಿಲುಕುವವರು ನೀವೇ. ನಾವು ಈ ಹಿಂದೆ ಕಡತ ಹಿಂದಿರುಗಿಸಿದ ಎಲ್ಲರ ಅರ್ಜಿಗಳನ್ನು ಯಾವುದೇ ಸೇವಾಶುಲ್ಕವಿಲ್ಲದೆ ಮತ್ತೊಮ್ಮೆ ಸಲ್ಲಿಸಿಕೊಡುತ್ತೇವೆ. ಹಳೆಯ ಸ್ವೀಕೃತಿ ಚೀಟಿ ಕಳೆದುಹೋಗಿದ್ದರೂ ನಮ್ಮ ವಹಿಯಲ್ಲಿ ನಿಮ್ಮ ಹೆಸರಿದ್ದರೆ ಸಾಕು.

ತಮ್ಮ ವಿಶ್ವಾಸಿ,
ಕಾರ್ಯದರ್ಶಿ