ಹೂ ಕಟ್ಟುವವನ ಮಗ ಹೂ ಕಟ್ಟಲು ಕಲಿತದ್ದು: ಗೆಳೆಯನಿಗೊಂದು ಪತ್ರ

ಪ್ರಿಯ ಶಿವು,

ನಾನು ಕಳಿಸಿದ ಚಿತ್ರವನ್ನು ನೋಡಿ ನೀನು "ಏನ್ಲಾ ಇದು, ಮದ್ವೆ ಹೆಣ್ಣಿನ ವೇಷ?" ಎಂದು ಕೇಳಿದೆ. ಖಾಸಗಿಯಾಗಿ ಕೇಳಿದ್ದರೆ ಖಾಸಗಿಯಾಗಿಯೇ ಬೈದು ಮುಗಿಸುತ್ತಿದ್ದೆ. ನೀನು ಹಳೆಯ ಸಹಪಾಠಿಗಳೆಲ್ಲ ಇರುವ ಕಡೆ ಕೇಳಿ, ಸಾಲದ್ದಕ್ಕೆ ಮೂರನೇ ಕಂಬದ ವಿಷಯವನ್ನೂ ಎತ್ತಿದ್ದರಿಂದ, ಉತ್ತರವೂ ಹತ್ತು ಜನರ ಎದುರಿಗೇ ಇರಲಿ ಎಂದು ಈ ಪತ್ರವನ್ನು ಬಹಿರಂಗವಾಗಿ ಬರೆಯುತ್ತಿದ್ದೇನೆ. ನಿನ್ನ ಹೆಂಡತಿಯೂ ಓದುತ್ತಾರೆಂಬುದು ನನಗೆ ಗೊತ್ತಿದೆ. ಆದ್ದರಿಂದ ಕಂಬದ ಬಗ್ಗೆ ಇದಕ್ಕಿಂತ ಹೆಚ್ಚು ಹೇಳುವುದಿಲ್ಲ.

ನನ್ನ ತಲೆಯ ಮೇಲಿದ್ದದ್ದು ಹವಾಯಿಯವರು ಲೇ ಪೊಓ ಎಂದು ಕರೆಯುವ ಹೂವಿನ ಕಿರೀಟ. ಲೇ ಎಂದರೆ ಅಲ್ಲಿನ ಹೂವಿನ ಹಾರ. ಕೊರಳಿಗೆ ಹಾಕುವ ಲೇಯನ್ನು ನೀನು ಜಾಹೀರಾತುಗಳಲ್ಲಿ ನೋಡಿಯೇ ಇರುತ್ತೀಯೆ. ಇದು ತಲೆಗೆ ಇಡುವಂಥದ್ದು. ಕಚೇರಿಯ ಕೆಲಸಕ್ಕೆಂದು ನಾನು ಹವಾಯಿಯ ರಾಜಧಾನಿ ಹೊನೊಲುಲುವಿಗೆ ಹೋದದ್ದು ಏಪ್ರಿಲ್ ಕೊನೆಯಲ್ಲಿ, ಮತ್ತು ಅದು ಅಲ್ಲಿ ಹೂವಿನ ಸುಗ್ಗಿ. 1928ರಿಂದ ಮೇ 1ನ್ನು ಅವರು ಲೇ ದಿನವೆಂದು ಆಚರಿಸುತ್ತಾ ಬಂದಿದ್ದಾರೆ. ದ್ವೀಪಕ್ಕೊಂದು ಬಣ್ಣ, ದ್ವೀಪಕ್ಕೊಂದು ಹೂವು. ಹೊನೊಲುಲು ಇರುವ ಒವಾಹು ದ್ವೀಪದ ಪಾಲಿಗೆ ಬಂದಿರುವುದು ಇಲಿಮಾ ಎಂಬ ಹಳದಿ ಹೂವು. ಅದರ ಎಸಳು ಎಷ್ಟು ತೆಳುವೆಂದರೆ ಒಂದು ಎಳೆ ತುಂಬಬೇಕಾದರೆ ನೂರಾರು ಹೂವುಗಳನ್ನು ಪೋಣಿಸಬೇಕು. ಗಂಡಸು ಹೆಂಗಸು ಎಂಬ ಭೇದ ಇದರಲ್ಲಿಲ್ಲ. ಜೂನ್ ತಿಂಗಳಿನಲ್ಲಿ ದೊರೆ ಕಮೆಹಮೆಹನ ಪ್ರತಿಮೆಗೇ ಮಾರುಗಟ್ಟಲೆ ಉದ್ದದ ಲೇಗಳನ್ನು ಇಳಿಬಿಡುತ್ತಾರೆ. ಹೀಗಾಗಿ ಮದುವಣಗಿತ್ತಿ ಎಂಬ ನಿನ್ನ ಆಕ್ಷೇಪಣೆ ಇಲ್ಲಿಗೆ ವಜಾ ಆಯಿತೆಂದು ತಿಳಿ.

ಸಹೋದ್ಯೋಗಿಗಳೆಲ್ಲ ವೈಕಿಕಿಯ ಮರಳಿನಲ್ಲಿ ಹೊರಳಾಡಲು ಹೋದ ಮಧ್ಯಾಹ್ನ ನಾನು ಕಿರೀಟ ಕಟ್ಟುವುದನ್ನು ಕಲಿಸುವ ತರಗತಿಗೆ ಹೋದೆ. ಒಂದು ಮರದ ಕೆಳಗೆ ಚಾಪೆ ಹಾಸಿತ್ತು. ಬಕೆಟ್ಟುಗಳಲ್ಲಿ ಸೊಪ್ಪು, ಹೂವು. ಕಲಿಸುವವರು ಎಪ್ಪತ್ತರ ಆಸುಪಾಸಿನ ಹೆಂಗಸು. ಅಲ್ಲಿಯೂ ಹಿರಿಯ ಹೆಂಗಸರನ್ನೆಲ್ಲ ಆಂಟಿ ಎಂದೇ ಕರೆಯುವುದರಿಂದ ಅಷ್ಟರಮಟ್ಟಿಗೆ ನನಗೆ ಊರಿನಲ್ಲಿದ್ದ ಹಾಗೆಯೇ ಆಯಿತು. ಹೂವನ್ನು ಸೂಜಿಯಿಂದ ಪೋಣಿಸುವುದು ಕುಯಿ, ಸೊಪ್ಪನ್ನೇ ಜಡೆಯಾಗಿ ಹೆಣೆಯುವುದು ಹಿಲಿ, ಒಣ ಎಲೆಯ ಅಥವಾ ಬಟ್ಟೆಯ ಪಟ್ಟಿಯ ಮೇಲೆ ಹೊಲಿಯುವುದು ಹುಮುಪಾಪಾ. ನಮಗೆ ಅವರು ಕಲಿಸಿದ್ದು ವಿಲಿ, ಅಂದರೆ ಸುತ್ತುವ ಕ್ರಮ.

ಮೊದಲು ನೀರಿನಲ್ಲಿ ನೆನೆಸಿದ ರಾಫಿಯಾ ನಾರಿನ ಮೂರು ಎಳೆಗಳನ್ನು ಹೆಣೆದು, ತಲೆಯ ಸುತ್ತಳತೆಗಿಂತ ಒಂದು ಗೇಣು ಹೆಚ್ಚಾಗಿ ಬಿಟ್ಟುಕೊಳ್ಳಬೇಕು. ಉಳಿದ ಬಾಲಗಳು ಕೊನೆಯಲ್ಲಿ ಹಿಂದಲೆಗೆ ಕಟ್ಟಿಕೊಳ್ಳುವುದಕ್ಕೆ. ಆ ಹೆಣಿಗೆಯ ಮೇಲೆ ಜರೀಗಿಡದ ಒಂದು ಕುಡಿ, ಕುಡಿಯ ಮೇಲೆ ಹೂವು, ಹೂವಿನ ಕತ್ತಿನ ಕೆಳಗೆ ಉದ್ದನೆಯ ಇನ್ನೊಂದು ನಾರಿನಿಂದ ಎರಡು ಬಿಗಿಯಾದ ಸುತ್ತು. ಮುಂದಿನ ಗೊಂಚಲು ಹಿಂದಿನದರ ತೊಟ್ಟನ್ನು ಮುಚ್ಚುವಂತೆ ಇಟ್ಟು ಮತ್ತೆ ಎರಡು ಸುತ್ತು. ಮೊದಲಿನಿಂದ ಕೊನೆಯವರೆಗೆ ನಡುವೆ ಎಲ್ಲಿಯೂ ಗಂಟು ಹಾಕುವಂತಿಲ್ಲ. ಎಡಗೈ ಹೆಬ್ಬೆರಳಿನ ಒತ್ತಡವೊಂದೇ ಎಲ್ಲವನ್ನೂ ಹಿಡಿದಿಟ್ಟಿರುತ್ತದೆ. ಆ ಬೆರಳು ಎತ್ತಿದರೆ ಅರ್ಧ ಗಂಟೆಯ ಕೆಲಸ ಚಾಪೆಯ ಮೇಲೆ ಉದುರುತ್ತದೆ. ನನ್ನ ಪಕ್ಕದಲ್ಲಿದ್ದ ಕೆನಡಾದ ಗಂಡಹೆಂಡಿರ ಕೆಲಸ ಹೀಗೆ ಉದುರಿ, ಅವರ ನಡುವೆ ಸ್ವಲ್ಪ ಮಾತಿಗೆ ಮಾತೂ ಬೆಳೆಯಿತು.

ಬಕೆಟ್ಟಿನಲ್ಲಿದ್ದ ಹೂವುಗಳಲ್ಲಿ ಅರ್ಧದಷ್ಟು ನಮ್ಮ ಹಿತ್ತಿಲಿನವು ಎಂದರೆ ನೀನು ನಂಬುವುದಿಲ್ಲ. ರುದ್ರಾಕ್ಷಿ ಹೂವು, ಕಾಗದದ ಹೂವು. ಅಅಲಿಇ ಎಂದು ಅವರು ಎತ್ತಿ ತೋರಿಸಿದ ಕೆಂಪು ಕಾಯಿಯ ಗೊಂಚಲು ನಮ್ಮ ಕುರುಚಲು ಗುಡ್ಡಗಳ ಬಂದರಿಕೆ. ಪಿಕಾಕೆ ಎಂಬ ಅವರ ಅತ್ಯಂತ ಮೆಚ್ಚಿನ ಹೂವು ನಮ್ಮ ದುಂಡುಮಲ್ಲಿಗೆಯೇ. ನವಿಲುಗಳನ್ನೂ ಈ ಹೂವನ್ನೂ ಸಮನಾಗಿ ಪ್ರೀತಿಸುತ್ತಿದ್ದ ರಾಜಕುಮಾರಿ ಕಾಯಿಯುಲಾನಿಯ ದೆಸೆಯಿಂದ ಅದಕ್ಕೆ ನವಿಲಿನ ಹೆಸರೇ ನಿಂತುಬಿಟ್ಟಿದೆ. ಅಲ್ಲಿನ ಕಾಡಿನದೇ ಆದ ಓಹಿಯಾ ಲೆಹುವಾ ಎಂಬ ಕೆಂಪು ಹೂವು ಮಾತ್ರ ಅಂದು ಇರಲಿಲ್ಲ. 2014ರಲ್ಲಿ ಗುರುತಿಸಲಾದ ಒಂದು ಶಿಲೀಂಧ್ರ ರೋಗ ಹವಾಯಿಯ ದೊಡ್ಡ ದ್ವೀಪದಲ್ಲಿ ಹತ್ತು ಲಕ್ಷಕ್ಕೂ ಹೆಚ್ಚು ಓಹಿಯಾ ಮರಗಳನ್ನು ತಿಂದುಹಾಕಿದೆ. ಕುಡಿ ಚಿವುಟಿದ ಗಾಯದ ಮೂಲಕವೂ ಅದು ಮರದೊಳಗೆ ಹೋಗಬಲ್ಲದಾದ್ದರಿಂದ ಆಂಟಿ ತಮ್ಮ ಬಕೆಟ್ಟುಗಳಿಗೆ ಆ ಹೂವನ್ನು ಸೇರಿಸುವುದನ್ನೇ ನಿಲ್ಲಿಸಿದ್ದಾರೆ.

ಕೈ ಹಚ್ಚುವ ಮೊದಲು ಅವರು ಒಬ್ಬೊಬ್ಬರನ್ನೂ ಇದು ಯಾರಿಗೆ ಎಂದು ಕೇಳಿದರು. ಲೇ ಎನ್ನುವುದು ಕೊಡುವುದಕ್ಕೆ ಇರುವ ವಸ್ತು, ಕಟ್ಟುವಷ್ಟು ಹೊತ್ತೂ ಪಡೆಯುವವರನ್ನು ನೆನೆಯುತ್ತಿರಬೇಕು ಎಂಬುದು ಅವರ ಪದ್ಧತಿ. ಕೆನಡಾದವರು ಪರಸ್ಪರರ ಹೆಸರು ಹೇಳಿದರು. ನಾನು ನಿನ್ನ ಹೆಸರು ಹೇಳಿದೆ. ಪ್ರೀತಿ ಉಕ್ಕಿ ಬಂದು ಹೇಳಿದೆನೆಂದು ಭಾವಿಸಬೇಡ. ನನಗೆ ಪರಿಚಯವಿರುವವರಲ್ಲಿ ಅತಿ ದೊಡ್ಡ ತಲೆ ನಿನ್ನದು, ಹೂವು ಯಥೇಚ್ಛವಾಗಿ ಸಿಗುತ್ತದೆ ಎಂಬ ಲೆಕ್ಕಾಚಾರವಷ್ಟೇ. ಚಿತ್ರದಲ್ಲಿ ಕಿರೀಟ ನನ್ನ ಹುಬ್ಬಿನವರೆಗೆ ಜಾರಿರುವುದಕ್ಕೂ ಅದೇ ಕಾರಣ.

ಇಷ್ಟನ್ನೇ ಬರೆದು ನಿಲ್ಲಿಸಬೇಕೆಂದಿದ್ದೆ. ಆದರೆ ತರಗತಿಗೆ ಹೆಸರು ಬರೆಸುವಾಗ ತುಂಬಿಸಿದ ಕಾಗದದಲ್ಲಿ ಹಿಂದಿನ ಅನುಭವ ಎಂಬ ಒಂದು ಅಂಕಣವಿತ್ತು, ಮತ್ತು ಅದರಲ್ಲಿ ನಾನು ಇಲ್ಲ ಎಂದು ಬರೆದಿದ್ದೆ.

ನಂಜನಗೂಡಿನಲ್ಲಿ ದೇವಸ್ಥಾನದ ಎದುರಿನ ನಮ್ಮ ಅಂಗಡಿಯನ್ನು ಬಲ್ಲವನು ನೀನು. ಇದನ್ನು ಓದುತ್ತಿರುವ ಬೇರೆಯವರಿಗೆ ಗೊತ್ತಿರಲಾರದು. ಬೆಳಗಿನ ನಾಲ್ಕು ಗಂಟೆಗೆ ಅಪ್ಪ ಬಾಳೆಪಟ್ಟೆಯನ್ನು ಸೀಳಿ ನಾರು ತೆಗೆಯುತ್ತಿದ್ದರು, ನಾನು ಅದರ ಒಂದು ತುದಿಯನ್ನು ಕಾಲಿನ ಹೆಬ್ಬೆರಳಿಗೆ ಸಿಕ್ಕಿಸಿಕೊಂಡು ಸೇವಂತಿಗೆ ಕಟ್ಟುತ್ತಿದ್ದೆ. ಸೋಮವಾರಗಳಂದು, ಕಾರ್ತಿಕದಲ್ಲಿ, ದೊಡ್ಡ ಜಾತ್ರೆಯ ವಾರದಲ್ಲಿ ಶಾಲೆಗೆ ಹೋಗುವವರೆಗೂ ಅದೇ ಕೆಲಸ. ಬಾಳೆಯ ಕರೆ ಯಾವ ಸೋಪಿಗೂ ಹೋಗುವುದಿಲ್ಲವಾದ್ದರಿಂದ ನನ್ನ ಬಿಳಿ ಅಂಗಿಗಳ ತೋಳಿನ ತುದಿಯೆಲ್ಲ ಕಂದು. ಮೈಸೂರಿನಲ್ಲಿ ಹಾಸ್ಟೆಲು ಸೇರಿದ ಮೇಲೆ ನಾನು ಆ ಅಂಗಿಗಳನ್ನು ಹಾಕಲಿಲ್ಲ. ತಂದೆ ಏನು ಮಾಡುತ್ತಾರೆ ಎಂದು ಯಾರಾದರೂ ಕೇಳಿದರೆ ವ್ಯಾಪಾರ ಎನ್ನುತ್ತಿದ್ದೆ. ಪಕ್ಕದಲ್ಲಿ ನೀನು ನಿಂತಿದ್ದ ದಿನಗಳೂ ಇದ್ದವು. ನೀನು ಒಂದು ದಿನವೂ ಬಾಯಿ ಬಿಡಲಿಲ್ಲ. ಇದನ್ನು ನಾನು ನಿನಗೆ ಯಾವತ್ತೂ ಹೇಳಿರಲಿಲ್ಲ, ನೀನೂ ಕೇಳಿರಲಿಲ್ಲ.

ಚಾಪೆಯ ಮೇಲೆ ಆದದ್ದು ಇಷ್ಟು. ಮೊದಲ ನಾಲ್ಕಾರು ಗೊಂಚಲುಗಳನ್ನು ನಾನು ಬೇಕೆಂದೇ ತಪ್ಪುತಪ್ಪಾಗಿ ಸುತ್ತಿದೆ, ಉಳಿದವರ ಹಾಗೆ ಕಾಣಬೇಕೆಂದು. ಆಮೇಲೆ ಯಾವುದೋ ಯೋಚನೆಯಲ್ಲಿ ಮುಳುಗಿದೆ, ಬೆರಳುಗಳು ತಮ್ಮ ಪಾಡಿಗೆ ತಾವು ಓಡತೊಡಗಿದವು. ಆಂಟಿ ಬಂದು ನನ್ನ ಕೈಯಿಂದ ಕಿರೀಟವನ್ನು ತೆಗೆದುಕೊಂಡು ತಿರುಗಿಸಿ ಅಡಿಭಾಗವನ್ನು ನೋಡಿದರು. ಗಂಟೇ ಇರಬಾರದ ಕಡೆ ಹೂವಿಗೊಂದು ಜಾರುಗಂಟು ಬಿದ್ದಿತ್ತು, ಒಂದೇ ಅಂತರದಲ್ಲಿ, ಒಂದೇ ಬಿಗಿಯಲ್ಲಿ. "ನಿನಗೆ ಯಾರು ಕಲಿಸಿದ್ದು?" ಎಂದರು. ನಾನು ವ್ಯಾಪಾರ ಎನ್ನಲಿಲ್ಲ. ಅಪ್ಪ ಎಂದೆ. ಅವರು ನನ್ನ ಪಕ್ಕದಲ್ಲಿ ಕುಳಿತುಕೊಂಡು, ಕಿರೀಟದ ಮಾತನ್ನು ಬಿಟ್ಟು, ಅಪ್ಪ ಎಷ್ಟಕ್ಕೆ ಮಾರುತ್ತಿದ್ದರು, ಸಂಜೆ ಉಳಿದ ಹೂವನ್ನು ಏನು ಮಾಡುತ್ತಿದ್ದರು ಎಂದು ವಿಚಾರಿಸಿದರು. ಅದು ಅಂಗಡಿಯವರು ಅಂಗಡಿಯವರನ್ನು ಕೇಳುವ ಪ್ರಶ್ನೆ.

ಅವರ ಅಜ್ಜಿ ಹೊನೊಲುಲುವಿನ ಬಂದರಿನಲ್ಲಿ ಲೇ ಮಾರುತ್ತಿದ್ದವರಂತೆ. ಹಬೆ ಹಡಗುಗಳಲ್ಲಿ ಪ್ರವಾಸಿಗರು ಬರುತ್ತಿದ್ದ ಕಾಲದಲ್ಲಿ, ಹಡಗು ಬರುವ ದಿನ ದಂಡೆಯುದ್ದಕ್ಕೂ ಹೆಂಗಸರು ಕೈತುಂಬ ಲೇಗಳನ್ನು ಹಿಡಿದು ಕೂರುತ್ತಿದ್ದರು. ವಿಮಾನಗಳು ಬಂದ ಮೇಲೆ ಆ ವ್ಯಾಪಾರ ವಿಮಾನ ನಿಲ್ದಾಣದ ರಸ್ತೆಗೆ ಸಾಗಿತು. ಇಂದು ನಿಲ್ದಾಣದಲ್ಲಿಳಿದ ಪ್ರವಾಸಿಯ ಕೊರಳಿಗೆ ಬೀಳುವ ಆರ್ಕಿಡ್ ಹೂವುಗಳಲ್ಲಿ ಎಷ್ಟೋ ಥಾಯ್ಲೆಂಡಿನಿಂದ ಬಂದಿಳಿದವು. "ಆಗ ಅಜ್ಜಿಯನ್ನು ಯಾರೂ ಕಲಾವಿದೆ ಎನ್ನುತ್ತಿರಲಿಲ್ಲ, ಚೌಕಾಸಿ ಮಾಡುತ್ತಿದ್ದರು" ಎಂದು ಆಂಟಿ ನಕ್ಕರು. ನನಗೆ ನಗು ಬರಲಿಲ್ಲ. ಅವರ ಅಜ್ಜಿಯ ಬದುಕು ಮೊಮ್ಮಗಳ ಕಾಲಕ್ಕೆ ಪರಂಪರೆಯಾಗಿದೆ, ನಾನು ಅದಕ್ಕೆ ಡಾಲರು ಕೊಟ್ಟು ನಮಸ್ಕರಿಸುತ್ತಿದ್ದೇನೆ. ನಮ್ಮ ಅಂಗಡಿ ಇದ್ದ ಜಾಗದಲ್ಲಿ ಇಂದು ಮೊಬೈಲ್ ರಿಪೇರಿ ನಡೆಯುತ್ತಿದೆ, ಅದನ್ನು ಬಾಡಿಗೆಗೆ ಕೊಡಲು ಅಪ್ಪನನ್ನು ಒಪ್ಪಿಸಿದವನು ನಾನೇ. ಅದು ತಪ್ಪು ಎಂದು ಈಗಲೂ ನನಗೆ ಅನ್ನಿಸುವುದಿಲ್ಲ, ಅಪ್ಪನ ಬೆನ್ನು ನೋವನ್ನು ನೀನೂ ನೋಡಿದ್ದೀಯೆ. ಆದರೂ ಇದೇ ಕೆಲಸದ ಮುಂದೆ ಚಕ್ಕಳಮಕ್ಕಳ ಹಾಕಿ ಕೂತು ಭಕ್ತಿಯಿಂದ ಕಲಿಯಬೇಕಾದರೆ ನನಗೆ ನಡುವೆ ಒಂದು ಮಹಾಸಾಗರ ಬೇಕಾಯಿತಲ್ಲ ಎಂಬುದು ಗಂಟಲಿನಲ್ಲಿ ಸಿಕ್ಕಿಕೊಂಡ ಮೀನಿನ ಮುಳ್ಳಿನ ಹಾಗೆ ಅಂದಿನಿಂದ ಚುಚ್ಚುತ್ತಿದೆ.

ಮರುದಿನ ಮೌನಾಕಿಯಾ ರಸ್ತೆಯ ಲೇ ಅಂಗಡಿಗಳ ಸಾಲಿನಲ್ಲಿ ಎಕ್ಕದ ಹೂವಿನ ಹಾರ ತೂಗಿಬಿಟ್ಟಿದ್ದನ್ನು ಕಂಡೆ. ನಮ್ಮೂರಿನಲ್ಲಿ ಸ್ಮಶಾನದ ಬೇಲಿಯ ಬದಿಯಿಂದ, ಹಾಲು ಕಣ್ಣಿಗೆ ಸಿಡಿಯದಂತೆ ಮುಖ ತಿರುಗಿಸಿಕೊಂಡು ನಾನು ಕಿತ್ತು ತರುತ್ತಿದ್ದ ಅದೇ ಎಕ್ಕ, ಬಿಳಿಯದು ಮತ್ತು ನಸುನೇರಳೆ. ಅದು ಹವಾಯಿಯ ಕೊನೆಯ ರಾಣಿ ಲಿಲಿಯುವೊಕಲಾನಿಯ ನೆಚ್ಚಿನ ಹೂವಂತೆ. 1893ರಲ್ಲಿ ಅಮೆರಿಕದ ಕಡೆಯ ವ್ಯಾಪಾರಸ್ಥರೂ ತೋಟಗಳ ಮಾಲೀಕರೂ ಸೇರಿ ಆಕೆಯನ್ನು ಪಟ್ಟದಿಂದ ಇಳಿಸಿದರು. 1895ರಲ್ಲಿ ಆಕೆಯ ಸ್ವಂತ ಅರಮನೆಯ ಒಂದು ಕೋಣೆಯಲ್ಲೇ ಸೆರೆಯಲ್ಲಿಟ್ಟರು. ಪತ್ರಿಕೆ ಓದುವುದಕ್ಕೆ ಅವಕಾಶವಿರಲಿಲ್ಲ. ಆಕೆಯ ತೋಟದಿಂದ ಹೂವುಗಳು ಬರುತ್ತಿದ್ದವು, ಅವುಗಳನ್ನು ಸುತ್ತಿರುತ್ತಿದ್ದದ್ದು ಆಯಾ ದಿನಗಳ ಸುದ್ದಿಪತ್ರಿಕೆಯ ಹಾಳೆ. ಹೂವು ಕಟ್ಟಿಕೊಟ್ಟ ಹಾಳೆಯನ್ನು ಬಿಡಿಸಿ ಓದುವುದೆಂದರೆ ನನಗೆ ಗೊತ್ತು. ನನ್ನ ಸಾಮಾನ್ಯ ಜ್ಞಾನದ ಮುಕ್ಕಾಲು ಪಾಲು ಅಂಗಡಿಯ ಪೊಟ್ಟಣದ ಹಾಳೆಗಳಿಂದಲೇ ಬಂದದ್ದು, ರಸಪ್ರಶ್ನೆಯಲ್ಲಿ ನಿನ್ನನ್ನು ಸೋಲಿಸಿದ್ದೂ ಅದರ ಬಲದಿಂದಲೇ.

ಇದನ್ನೆಲ್ಲ ಅಪ್ಪನಿಗೆ ಫೋನಿನಲ್ಲಿ ಹೇಳಿದೆ. ರಾಣಿಯ ಕಥೆಯನ್ನು ತಾಳ್ಮೆಯಿಂದ ಕೇಳಿ, ಅಲ್ಲಿ ಒಂದು ಹಾರಕ್ಕೆ ಎಷ್ಟು ಎಂದರು. ನಾನು ರೂಪಾಯಿಗೆ ಬದಲಿಸಿ ಹೇಳಿದೆ. ತುಸು ಹೊತ್ತು ಸುಮ್ಮನಿದ್ದು, "ಅಂಗಡಿನ ಅಲ್ಲೇ ಹಾಕ್ಬೇಕಿತ್ತು" ಎಂದರು.

ಸರಿ, ಸಾಕು. ನೀನು ಕೇಳಿದ್ದು ಒಂದು ಚಿತ್ರದ ಬಗ್ಗೆ, ನಾನು ಹೇಳಿದ್ದು ಊರೆಲ್ಲ ಸುತ್ತಿಕೊಂಡು ಬಂತು. ಇದನ್ನು ಓದಿ ಫೋನು ಮಾಡಿ ಗದ್ಗದ ಕಂಠದಲ್ಲಿ ಮಾತಾಡುವ ಯೋಚನೆಯಿದ್ದರೆ ದಯವಿಟ್ಟು ಬೇಡ, ನಿನ್ನ ಗದ್ಗದ ಕಂಠವನ್ನು ನಾನು ಬೀಳ್ಕೊಡುಗೆ ಸಮಾರಂಭದಲ್ಲಿ ಕೇಳಿದ್ದೇನೆ, ಮೈಕಿನವನು ಇಂದಿಗೂ ಚೇತರಿಸಿಕೊಂಡಿಲ್ಲ. ನಿನ್ನ ಕಿರೀಟವನ್ನು ವಿಮಾನದಲ್ಲಿ ತರುವ ಗೊಡವೆ ಬೇಡವೆಂದು ಅಲ್ಲಿನ ಪದ್ಧತಿಯ ಪ್ರಕಾರ ನಾರು ಬಿಚ್ಚಿ ಹೂವನ್ನು ಮರದ ಬುಡಕ್ಕೆ ಹಾಕಿ ಬಂದೆ. ಬಾಡಿದ ಲೇಯನ್ನು ಕಸದ ಬುಟ್ಟಿಗೆ ಎಸೆದರೆ ಅವರಿಗೆ ಬೇಸರವಾಗುತ್ತದೆ. ನಿನಗೆ ಕಿರೀಟ ಬೇಕೇ ಬೇಕೆಂದಾದರೆ ಇಲ್ಲಿಯೇ ಕಟ್ಟಿಕೊಡುತ್ತೇನೆ, ಜರೀಗಿಡವನ್ನು ನೀನು ಮಡಿಕೇರಿಯಿಂದ ತರಿಸು, ತಲೆಯ ಅಳತೆಯನ್ನು ಹಾಸ್ಯ ಮಾಡದೆ ಕಳಿಸು. ಆದರೆ ಅದಕ್ಕೆ ಮುಂಚೆ ನಿಮ್ಮ ಮನೆಯ ಗೃಹಪ್ರವೇಶಕ್ಕೆ ಕೊಟ್ಟ ಎಂಟು ಮಾರು ಸೇವಂತಿಗೆಯ ದುಡ್ಡು ಅಪ್ಪನ ಪುಸ್ತಕದಲ್ಲಿ ಇನ್ನೂ ಬಾಕಿ ನಿಂತಿದೆ, ಅದನ್ನು ಚುಕ್ತಾ ಮಾಡತಕ್ಕದ್ದು.

ಇಂತಿ ನಿನ್ನ,
ರುದ್ರಾಕ್ಷಿ